ಖಂಡಿತ ಅನ್ನದ ಕಿಷ್ಟಪ್ಪ

"ಖಂಡಿತ: ನಿಶ್ಚಯವಾಗಿ, ತಪ್ಪದೆ. ಸ್ವಂತ ವಾಕ್ಯದಲ್ಲಿ ಬಳಸಿ." ಹನ್ನೊಂದು ವರ್ಷದಿಂದ ನಾನು ಇದನ್ನು ಬೋರ್ಡಿನ ಮೇಲೆ ಬರೆಯುತ್ತಿದ್ದೇನೆ. ಮಕ್ಕಳು ಹನ್ನೊಂದು ವರ್ಷದಿಂದ ಅದೇ ವಾಕ್ಯಗಳನ್ನು ಬರೆದು ತಂದು ತೋರಿಸುತ್ತಾರೆ. ಬಸ್ಸು ಖಂಡಿತ ಬರುತ್ತದೆ. ನಮ್ಮ ಮಾಮ ನನಗೆ ಖಂಡಿತ ಸೈಕಲ್ ಕೊಡಿಸುತ್ತಾನೆ. ಬಸ್ಸೂ ಬರುವುದಿಲ್ಲ, ಮಾಮ ಸೈಕಲ್ಲೂ ಕೊಡಿಸುವುದಿಲ್ಲ. ಆದರೂ ನಾನು ಕೆಂಪು ಪೆನ್ನಿನಿಂದ ಸರಿ ಗುರುತು ಹಾಕುತ್ತೇನೆ. ವಾಕ್ಯದಲ್ಲಿ ತಪ್ಪಿಲ್ಲವಲ್ಲ.

ತರಗತಿಯ ಬಾಗಿಲು ದಾಟಿದರೆ ನಮ್ಮ ಕಡೆ ಯಾರೂ ಖಂಡಿತ ಅನ್ನುವುದಿಲ್ಲ, ಪಕ್ಕಾ ಅನ್ನುತ್ತಾರೆ. ಕನ್ನಡದಲ್ಲೂ ಪಕ್ಕಾ, ತೆಲುಗಿನಲ್ಲೂ ಪಕ್ಕಾ, ಉರ್ದುವಿನಲ್ಲೂ ಪಕ್ಕಾ. ಗದ್ವಾಲದ ಟೇಲರ್ ಸೋಮವಾರ ಪಕ್ಕಾ ಅನ್ನುತ್ತಾನೆ. ಕರೆಂಟಿನವನು ಇವತ್ತು ಸಂಜೆ ಪಕ್ಕಾ ಅನ್ನುತ್ತಾನೆ. ಮೂರು ಭಾಷೆಯಲ್ಲಿ ಓಡಾಡುವ ಈ ಮಾತಿನಿಂದ ಒಂದು ಕೆಲಸವಾದದ್ದನ್ನು ನಾನು ಕಂಡಿಲ್ಲ. ಈಗೀಗ ಯಾರಾದರೂ ನನ್ನೆದುರು ಪಕ್ಕಾ ಅಂದರೆ ತಲೆ ಕೆಡುತ್ತದೆ.

ಆದರೆ ನಾನು ಹೇಳಹೊರಟಿರುವುದು ಪಕ್ಕಾ ಅನ್ನುವವರ ಕಥೆಯಲ್ಲ. ಆ ಮಾತನ್ನು ಒಮ್ಮೆಯೂ ಆಡದ ಕಿಷ್ಟಪ್ಪನ ಕಥೆ. ಅವನ ಮೇಲೆ ನನಗೆ ಬಂದಷ್ಟು ಸಿಟ್ಟು ಟೇಲರ್ ಮೇಲೂ ಬಂದಿಲ್ಲ.

ನಮ್ಮ ಶಾಲೆ ಕೆ.ಟಿ. ದೊಡ್ಡಿಯಿಂದ ಆಚೆ, ಕರ್ನಾಟಕದ ಗಡಿಗೆ ಹತ್ತಿರದ ಒಂದು ಸಣ್ಣ ಊರಿನಲ್ಲಿದೆ. ಒಂದೇ ಆವರಣದಲ್ಲಿ ತೆಲುಗು ತರಗತಿಗಳು ನಾಲ್ಕು ಕೋಣೆಗಳಲ್ಲಿ ನಡೆಯುತ್ತವೆ. ಮೂಲೆಯ ಒಂದು ಕೋಣೆಯಲ್ಲಿ ಒಂದರಿಂದ ಐದನೆಯವರೆಗೆ ಕನ್ನಡ. ಆ ಕೋಣೆಗೆ ನಾನೊಬ್ಬಳೇ ಟೀಚರು. ಹೆಸರು ಕೃಷ್ಣಪ್ರಿಯಾ, ಊರಿನವರ ಬಾಯಲ್ಲಿ ಟೀಚರಮ್ಮ. ಗದ್ವಾಲದಿಂದ ಧರೂರಿನ ಮೇಲೆ ಎರಡು ಬಸ್ಸು ಬದಲಿಸಿ ಬರುತ್ತೇನೆ.

ಕಿಷ್ಟಪ್ಪ ಆ ಊರಿನ ಕುರುಬ. ವಯಸ್ಸು ನಲವತ್ತರ ಆಚೀಚೆ. ಎತ್ತರದ ಆಳು, ಮೇ ತಿಂಗಳ ಬಿಸಿಲಿನಲ್ಲೂ ಹೆಗಲ ಮೇಲೆ ಕರಿ ಕಂಬಳಿ, ಸೊಂಟದಲ್ಲಿ ಬೀರಪ್ಪನ ಭಂಡಾರದ ಚೀಲ, ಅಂದರೆ ದೇವರ ಅರಿಶಿನದ ಪುಟ್ಟ ಚೀಲ. ಮೂರು ವರ್ಷದ ಹಿಂದೆ ಮಗಳು ರಜಿತಾಳನ್ನು ಒಂದನೆಯ ತರಗತಿಗೆ ಸೇರಿಸಲು ಕೈಹಿಡಿದು ಕರೆತಂದಿದ್ದ. ಫಾರಂ ತುಂಬುತ್ತ ನಾನು ಕೇಳಿದೆ:

"ನಿನ್ನ ಹೆಸರು ಕಿಷ್ಟಪ್ಪನೇ ಅಲ್ಲಾ?"

"ಹಂಗಂತ ಕರೀತಾರ್ರೀ."

"ಮಗಳು ಹುಟ್ಟಿದ್ದು ಯಾವಾಗ?"

"ಜೋಳ ಕೊಯ್ಯೋ ಮುಂದ್ರೀ."

"ಯಾವ ವರ್ಷ?"

"ಅದನ್ನ ಅಕಿ ಅವ್ವಗ ಕೇಳಿದ್ರ ಹೇಳಬಹುದ್ರೀ."

ಹೇಳಬಹುದಂತೆ! ಹೌದು ಅನ್ನುವುದಕ್ಕೆ ಅವನ ಬಳಿ ಇದ್ದದ್ದೇ ಇಷ್ಟು: ಇರಬಹುದು, ಇದ್ದಂಗ ಐತಿ, ಆದ್ರ ಆಗ್ತದ. ಮಳೆ ಬರುತ್ತದೇನಪ್ಪಾ ಅಂದರೆ "ಬಂದ್ರ ಬರ್ತದ್ರೀ". ಕಣ್ಣೆದುರಿಗೆ ಮೋಡ ಕಪ್ಪಾಗಿ ನಿಂತಿದ್ದರೂ ಅದೇ ಉತ್ತರ.

ಅವನ ಎರಡು ಕುರಿ ಒಮ್ಮೆ ಕಳುವಾಗಿದ್ದವು. ಹದಿನೈದು ದಿನ ಬಿಟ್ಟು ಇಟಿಕ್ಯಾಲದ ಕಡೆ ಯಾರದೋ ಹಟ್ಟಿಯಲ್ಲಿ ಸಿಕ್ಕವು. ಪಂಚಾಯಿತಿ ಕೂತಿತು. "ಇವು ನಿನ್ನವ ಅಂತ ಪಕ್ಕಾ ಹೇಳು, ಹೊಡ್ಕೊಂಡು ಹೋಗು" ಅಂದರು ಹಿರಿಯರು. ಇವನು ಹೇಳಲಿಲ್ಲ. "ನನ್ನವು ಅಂತ ನಾ ಹೆಂಗ ಹೇಳ್ಲಿ? ಅವು ಹೇಳ್ಬೇಕು" ಅಂದು ಹತ್ತು ಮಾರು ದೂರ ನಡೆದುಹೋಗಿ, ತಿರುಗಿ ನಿಂತು ನಾಲಿಗೆಯಲ್ಲಿ ಒಂದು ಸದ್ದು ಮಾಡಿದನಂತೆ. ಎರಡೂ ಕುರಿ ಮಂದಿಯ ನಡುವೆ ನುಗ್ಗಿ ಅವನ ಕಾಲ ಬಳಿ ಹೋಗಿ ನಿಂತವು. ಊರಿನವರು ಈ ಕಥೆಯನ್ನು ಮೆಚ್ಚಿ ಹೇಳುತ್ತಾರೆ. ನಾನು ಮೆಚ್ಚಲಿಲ್ಲ. ಕುರಿ ಕಾಯುವವನಿಗೆ ಅದೆಲ್ಲ ಚಂದ. ಕೇಳಿದ್ದಕ್ಕೆ ಉತ್ತರ ಕೊಡದ ಜನರನ್ನು ಕಟ್ಟಿಕೊಂಡು ಒಂದು ಶಾಲೆ ನಡೆಸಿ ನೋಡಿ, ಆಗ ಗೊತ್ತಾಗುತ್ತದೆ.

ಕಳೆದ ಫೆಬ್ರುವರಿಯಲ್ಲಿ ಹೆಡ್‌ಮಾಸ್ಟರ್ ಚಂದ್ರಯ್ಯ ಸರ್ ನನ್ನನ್ನು ಕರೆದು ಒಂದು ಕಾಗದ ತೋರಿಸಿದರು. ಜೂನ್ ಮೂವತ್ತನೆಯ ತಾರೀಖಿಗೆ ಕನ್ನಡ ವಿಭಾಗದಲ್ಲಿ ಹದಿನೈದು ಮಕ್ಕಳಿರಬೇಕು. ಒಬ್ಬರು ಕಡಿಮೆಯಾದರೂ ವಿಭಾಗ ಮುಚ್ಚುತ್ತದೆ, ಇದ್ದ ಮಕ್ಕಳು ತೆಲುಗು ತರಗತಿಗೆ ಹೋಗುತ್ತಾರೆ. ಸರ್ ಒಳ್ಳೆಯವರು. ತೆಲುಗಿನವರಾದರೂ ನನ್ನ ಕೋಣೆಗೆ ಬಂದಾಗ ಮಕ್ಕಳೊಡನೆ ತಪ್ಪು ತಪ್ಪಾಗಿ ಕನ್ನಡ ಆಡುತ್ತಾರೆ. ಅವರ ಕೈಯಲ್ಲೂ ಏನೂ ಇರಲಿಲ್ಲ.

ಮನೆಯಲ್ಲಿ ಅವ್ವ, ಅಪ್ಪ, ಅಜ್ಜಿ ಎಲ್ಲರೊಡನೆ ಕನ್ನಡ ಆಡುವ ಮಕ್ಕಳು ಅವು. ಮೊದಲ ಅಕ್ಷರವನ್ನು ಮನೆಯ ಮಾತಿನಲ್ಲಿ ಬರೆಯಲಿ ಅನ್ನುವುದೊಂದೇ ನನ್ನ ಹಟ. ನನಗೆ ಬೇರೆ ಊರಿನ ಶಾಲೆ ಸಿಕ್ಕೇ ಸಿಗುತ್ತಿತ್ತು. ಆ ಕೋಣೆ ಮುಚ್ಚಿದರೆ ಮತ್ತೆ ತೆರೆಯುವುದಿಲ್ಲ ಅನ್ನುವುದೂ ನನಗೆ ಗೊತ್ತಿತ್ತು.

ಮನೆ ಮನೆ ಸುತ್ತಿದೆ. ಹೋದಲ್ಲೆಲ್ಲ ಪಕ್ಕಾ. ಬೀಜ ಗೊಬ್ಬರದ ಅಂಗಡಿಯ ಉದಯಕುಮಾರನಂತೂ ಕುರ್ಚಿ ಒರೆಸಿ ಕೂರಿಸಿ, ಚಹಾ ತರಿಸಿ, "ನಮ್ಮ ಇಬ್ರೂ ಹುಡುಗರು ನಿಮ್ಮ ಸಾಲಿಗೇ ರೀ, ಟೀಚರಮ್ಮ. ಪಕ್ಕಾ. ಕನ್ನಡ ಅಂದ್ರ ತಾಯಿ ಇದ್ದಂಗಲ್ಲೇನ್ರೀ? ನೂರಕ್ಕ ನೂರು ಪಕ್ಕಾ" ಅಂದ. ಅವನ ಮಾತಿಗೆ ನನ್ನ ಕಣ್ಣು ತುಂಬಿ ಬಂತು. ಈಗ ನೆನೆದರೆ ನಾಚಿಕೆಯಾಗುತ್ತದೆ. ಹಾಳೆಯಲ್ಲಿ ಪೆನ್ನಿನಿಂದ ಹದಿನಾರು ಹೆಸರು ಬರೆದೆ. ರಜಿತಾಳದು ಹದಿನೇಳನೆಯದು. ಅವಳ ಹೆಸರನ್ನು ಪೆನ್ಸಿಲ್ಲಿನಲ್ಲಿ ಬರೆದೆ, ಯಾಕೆಂದರೆ ಅವಳ ಅಪ್ಪನಿಂದ ಇನ್ನೂ ಮಾತು ಬಂದಿರಲಿಲ್ಲ.

ಯುಗಾದಿ ಮುಗಿದ ಮೇಲೆ ಕಿಷ್ಟಪ್ಪ ಹೆಂಡತಿಯೊಡನೆ ಕುರಿ ಹೊಡೆದುಕೊಂಡು ಜುರಾಲದ ಕಾಲುವೆಯ ಕಡೆ ಹೋಗುತ್ತಾನೆ. ಭತ್ತ ಕೊಯ್ದ ಗದ್ದೆಗಳಲ್ಲಿ ಕುರಿ ನಿಲ್ಲಿಸುವುದು, ಮೊದಲ ಮಳೆಗೆ ಊರಿಗೆ ಮರಳುವುದು. ಹೋದ ವರ್ಷ ಅವನ ತಾಯಿ ತೀರಿಕೊಂಡ ಮೇಲೆ ಮನೆಯಲ್ಲಿ ರಜಿತಾಳನ್ನು ನೋಡಿಕೊಳ್ಳುವವರಿರಲಿಲ್ಲ. ಹಾಗಾಗಿ ಅವಳೂ ಹೊರಟಿದ್ದಳು. ಹೊರಡುವ ದಿನ ಬೆಳಿಗ್ಗೆ ಮಗಳನ್ನು ಕರೆದುಕೊಂಡು ತಾನಾಗಿಯೇ ಶಾಲೆಗೆ ಬಂದ. ಶಾಲೆಯ ಅಡುಗೆಯವಳು, ಅದೇ ಊರಿನ ಮುದುಕಿ ಹುಸೇನಮ್ಮ, ಕಟ್ಟೆಯ ಮೇಲೆ ಅಕ್ಕಿ ಆರಿಸುತ್ತಿದ್ದಳು. ನಾನು ಜಗಲಿಯಲ್ಲಿ ಮಕ್ಕಳ ಪೆನ್ಸಿಲ್ ಕೆತ್ತುತ್ತಿದ್ದೆ.

"ಹೋಗಿ ಬರ್ತೀವ್ರೀ" ಅಂದ.

"ಜೂನ್ ಹನ್ನೆರಡಕ್ಕ ಸಾಲಿ ಸುರು. ಅಷ್ಟೊತ್ತಿಗೆ ಹುಡುಗೀನ ಕರಕೊಂಡು ಬರ್ತಿಯಲ್ಲ?"

"ಮಳಿ ಆದ್ರ ಬರ್ತೀವ್ರೀ."

"ಮಳಿ ಮಾತು ಬಿಡಪಾ! ತಿಂಗಳ ಕೊನಿಗೆ ಹದಿನೈದು ಹುಡುಗರು ಇರಲಿಲ್ಲಂದ್ರ ಈ ಖೋಲಿ ಮುಚ್ಚತಾರ. ಖಂಡಿತ ಬರ್ತೀನಿ ಅಂತ ಒಂದ ಮಾತು ಹೇಳು. ಅಷ್ಟ ಸಾಕು ನನಗ."

ಅವನು ಕಂಬಳಿ ಸರಿಪಡಿಸಿಕೊಂಡ. ಮಗಳನ್ನು ನೋಡಿದ, ಕೋಣೆಯನ್ನು ನೋಡಿದ.

"ಅದನ್ನ ಬಾಯಿಲೆ ಹೆಂಗ ಹೇಳಾಕ ಬರ್ತದ್ರೀ, ಟೀಚರಮ್ಮ" ಅಂದ.

ಇಡೀ ಊರು ಬಾಯಿಂದಲೇ ಹೇಳುತ್ತಿದೆ, ಇವನೊಬ್ಬನಿಗೆ ಏನು ದೊಡ್ಡ ಕಷ್ಟ? ನಾನು ಬೈಯುವ ಮೊದಲೇ ಅವನು ಸೊಂಟದ ಚೀಲ ಬಿಚ್ಚಿ, ಒಂದು ಬಿಳಿ ಬಟ್ಟೆಯ ತುಂಡಿನಲ್ಲಿ ಚಿಟಿಕೆ ಭಂಡಾರ ಹಾಕಿ, ಕಂಬಳಿಯ ಅಂಚಿನಿಂದ ಕರಿ ಉಣ್ಣೆಯ ಎಳೆ ಕಿತ್ತು ಮೂರು ಸುತ್ತು ಸುತ್ತಿ ಬಿಗಿಯಾಗಿ ಗಂಟು ಹಾಕಿದ. ಕಣ್ಣಿಗೊತ್ತಿಕೊಂಡು ಎರಡೂ ಕೈಯಿಂದ ನನಗೆ ಕೊಟ್ಟ.

"ಇದು ನಿಮ್ಮ ಕೈಯಾಗ ಇರ್ಲಿರೀ."

ನಮ್ಮದು ರಾಯರ ಮನೆತನ. ಮಂತ್ರಾಲಯದಿಂದ ಯಾರಾದರೂ ಮಂತ್ರಾಕ್ಷತೆಯ ಪೊಟ್ಟಣ ತಂದರೆ ನಮ್ಮಲ್ಲಿ ಅದನ್ನು ಬದಿಗಿಡುವಂತಿಲ್ಲ. ನಿಂತಲ್ಲೇ ಬಿಚ್ಚಬೇಕು, ತಲೆಗೆ ಹಾಕಿಕೊಳ್ಳಬೇಕು, ಒಂದು ಕಾಳೂ ಕಾಲಿಗೆ ಸಿಗಬಾರದು. ಪ್ರಸಾದ ಕೈಗೆ ಬಂದ ಮೇಲೆ ತಡಮಾಡಿದರೆ ಅಮ್ಮ ಗದರುತ್ತಿದ್ದಳು. ಸಿಟ್ಟಿನಲ್ಲಿದ್ದರೂ ದೇವರಿಗೆ ಅಪಚಾರ ಮಾಡುವುದುಂಟೇ ಅಂದುಕೊಂಡೆ. ಗಂಟು ಬಿಗಿಯಾಗಿತ್ತು, ಉಗುರಿಗೆ ಬಗ್ಗಲಿಲ್ಲ. ಪೆನ್ಸಿಲ್ ಕೆತ್ತುವ ಬ್ಲೇಡು ಕೈಯಲ್ಲೇ ಇತ್ತು, ಅದರಿಂದ ಎಳೆ ಕೊಯ್ದೆ. ಭಂಡಾರವನ್ನು ಹಣೆಗೆ ಹಚ್ಚಿಕೊಂಡೆ, ರಜಿತಾಳ ಹಣೆಗೂ ಹಚ್ಚಿದೆ. ಉಳಿದದ್ದನ್ನು ಯಾರೂ ತುಳಿಯದಂತೆ ಬೇವಿನ ಬುಡಕ್ಕೆ ಕೊಡವಿ, ಬಟ್ಟೆಯನ್ನು ನೀಟಾಗಿ ಮಡಚಿ ಕಿಷ್ಟಪ್ಪನ ಕೈಗೆ ಕೊಟ್ಟೆ.

ಅವನು ಆ ಬಟ್ಟೆಯನ್ನು ಬಿಡಿಸಿ, ಎರಡೂ ಮಗ್ಗುಲು ತಿರುಗಿಸಿ ನೋಡಿದ. ಹುಸೇನಮ್ಮ ಅಕ್ಕಿ ಆರಿಸುವುದನ್ನು ಬಿಟ್ಟು ನನ್ನನ್ನೇ ನೋಡುತ್ತಿದ್ದಳು. ನಾನು ಅದನ್ನು ಗಮನಿಸಿದೆ, ಆದರೆ ಯಾಕೆಂದು ಕೇಳಲಿಲ್ಲ.

"ಹಂಗಾದ್ರ ಆತ್ರೀ" ಅಂದ ಕಿಷ್ಟಪ್ಪ. ಮಗಳ ಕೈಹಿಡಿದು ಹೋದ. ರಜಿತಾ ಗೇಟಿನ ಬಳಿ ಒಮ್ಮೆ ತಿರುಗಿ ನೋಡಿದಳು. ನಾನು ಕೈ ಬೀಸಿದೆ.

ಜೂನ್ ಹನ್ನೆರಡಕ್ಕೆ ಶಾಲೆ ತೆರೆಯಿತು. ಹದಿಮೂರನೆಯ ತಾರೀಖು ಬಸ್ಸಿಳಿದು ನಡೆದು ಬರುತ್ತಿದ್ದೆ. ಎದುರಿಗೆ ಹಳದಿ ವ್ಯಾನು ಬಂತು. ಕಿಟಕಿಯಲ್ಲಿ ಉದಯಕುಮಾರನ ಇಬ್ಬರೂ ಮಕ್ಕಳು, ಕೊರಳಿಗೆ ಟೈ. ರಾಯಚೂರಿನ ಇಂಗ್ಲಿಷ್ ಶಾಲೆಯ ವ್ಯಾನು. ನಾನು ನೆಟ್ಟಗೆ ಅಂಗಡಿಗೆ ಹೋದೆ.

"ಮನ್ಯಾಗ ಕೇಳ್ಲಿಲ್ರೀ ಟೀಚರಮ್ಮ, ನಾ ಭಾಳ ಹೇಳಿ ನೋಡ್ದೆ" ಅಂದ. ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. "ಮನ್ಯಾಗ ಇನ್ನೊಂದು ಸಣ್ಣದು ಐತಲ್ರೀ, ಅದನ್ನ ಮುಂದಿನ ವರ್ಸ ನಿಮ್ಮಲ್ಲೇ ಹಾಕ್ತೀನಿ. ಪಕ್ಕಾ."

ಮತ್ತೆ ಚಹಾ ತರಿಸಲು ಹೊರಟ. ಆ ಚಹಾವನ್ನು ಅವನ ಗೊಬ್ಬರದ ಚೀಲದ ಮೇಲೆ ಸುರಿಯಬೇಕು ಅನ್ನಿಸಿತು. ಸುರಿಯಲಿಲ್ಲ. ಟೀಚರಾಗಿ ಹುಟ್ಟಿದ ಮೇಲೆ ಎಷ್ಟು ಸಿಟ್ಟು ನುಂಗಬೇಕು ಅನ್ನುವುದಕ್ಕೆ ಲೆಕ್ಕವಿಲ್ಲ.

ಹದಿನಾಲ್ಕು ಮಕ್ಕಳು ಬಂದರು. ಬೇಕಾದದ್ದು ಇನ್ನೊಬ್ಬರು. ಹಾಳೆಯಲ್ಲಿ ಪೆನ್ಸಿಲ್ಲಿನ ಹೆಸರೊಂದು ಉಳಿದಿತ್ತು. ಮೊದಲ ಮಳೆ ಬಿದ್ದು ವಾರವಾಗಿತ್ತು, ಬೇರೆ ಕುರಿಮಂದೆಗಳು ಊರಿಗೆ ಬಂದಿದ್ದವು. ಕಿಷ್ಟಪ್ಪನ ಮನೆಗೆ ಮಾತ್ರ ಬೀಗ. ಫೋನು ಹತ್ತುತ್ತಿರಲಿಲ್ಲ. ದಿನಾ ಬೆಳಿಗ್ಗೆ ಆ ಬೀಗ ನೋಡಿ ಬರುವುದೇ ನನ್ನ ಕೆಲಸವಾಯಿತು. ಮನಸ್ಸಿನೊಳಗೆ ಅವನಿಗೆ ಬೈಯುತ್ತಿದ್ದೆ. ಆವತ್ತು ಬಾಯಿ ಬಿಟ್ಟು ಖಂಡಿತ ಅಂದಿದ್ದರೆ ಅವನ ಗಂಟೇನು ಹೋಗುತ್ತಿತ್ತು? ಉದಯಕುಮಾರ ಸುಳ್ಳನಾದರೂ ಬಾಯಿ ಬಿಟ್ಟು ಹೇಳಿದ. ಇವನು ಅದನ್ನೂ ಮಾಡಲಿಲ್ಲ.

ಇಪ್ಪತ್ತೆಂಟರಂದು ಚಂದ್ರಯ್ಯ ಸರ್ ಕನ್ನಡಕ್ಕೆ ತೆಲುಗು ಬೆರೆಸಿ ಕೇಳಿದರು, "ಹದಿನೈದು ಪಕ್ಕಾ ಕದಾ ಮೇಡಂ?"

"ಪಕ್ಕಾ ಸರ್" ಅಂದೆ.

ಹೌದು, ನಾನೇ ಅಂದದ್ದು.

ಇಪ್ಪತ್ತೊಂಬತ್ತರಂದು ಧರೂರಿನ ಆಚೆ ಕಾಲುವೆಯ ದಂಡೆಯಲ್ಲಿ ಕಿಷ್ಟಪ್ಪನ ಮಂದೆ ಇದೆಯೆಂದು ಯಾರೋ ಹೇಳಿದರು. ಬಸ್ಸಿಳಿದು ಒಂದು ತಾಸು ನಡೆದೆ. ಚಪ್ಪಲಿ ಕೆಸರಿನಲ್ಲಿ ಕಿತ್ತುಹೋಯಿತು, ಕೈಯಲ್ಲಿ ಹಿಡಿದುಕೊಂಡೆ. ಕೊನೆಗೆ ಒಂದು ಜಾಲಿಯ ಮರದ ಕೆಳಗೆ ಅವನ ಹೆಂಡತಿ ಅಮರಮ್ಮ ರೊಟ್ಟಿ ಬಡಿಯುತ್ತಿರುವುದು ಕಂಡಿತು. ಕಿಷ್ಟಪ್ಪ ಮರಿಗಳಿಗೆ ಸೊಪ್ಪು ಕಡಿದು ಹಾಕುತ್ತಿದ್ದ. ನನ್ನನ್ನು ನೋಡಿ ಕುಡುಗೋಲು ಕೆಳಗಿಟ್ಟು ಎದ್ದು ನಿಂತ. ರಜಿತಾ ಎಲ್ಲೂ ಕಾಣಲಿಲ್ಲ.

"ಹುಡುಗಿ ಎಲ್ಲಿ?" ಅಂದೆ. ನೀರು ಕೂಡ ಕೇಳಲಿಲ್ಲ.

"ಮಕ್ತಲದಾಗ್ರೀ" ಅಂದಳು ಅಮರಮ್ಮ. "ನನ್ನ ತಮ್ಮ ಮೌನೇಶನ ಮನ್ಯಾಗ ಬಿಟ್ಟೀವಿ. ಅಲ್ಲೇ ತೆಲುಗು ಸಾಲಿಗೆ ಹಾಕ್ಯಾನ."

ಮೂರು ತಿಂಗಳು ನುಂಗಿಕೊಂಡದ್ದೆಲ್ಲ ಆಗ ಹೊರಗೆ ಬಂತು. ಏನೇನು ಅಂದೆನೋ ಪೂರ್ತಿ ನೆನಪಿಲ್ಲ. ನಿನ್ನ ಮಗಳು ಎರಡನೆಯ ತರಗತಿಯಲ್ಲೇ ಮೂರನೆಯದರ ಪಾಠ ಓದುತ್ತಿದ್ದಳು ಅಂದೆ. ಒಬ್ಬಳ ಸಲುವಾಗಿ ಇಡೀ ಕೋಣೆ ಮುಚ್ಚಿಹೋಗುತ್ತಿದೆ ಅಂದೆ. ಒಂದು ಮಾತು, ಒಂದೇ ಒಂದು ಮಾತು ಕೊಡಲು ನಿನ್ನ ನಾಲಿಗೆ ಯಾಕೆ ಹೊರಳಲಿಲ್ಲ ಅಂದೆ. ಕಿಷ್ಟಪ್ಪ ನೆಲ ನೋಡುತ್ತಿದ್ದ. ಅಮರಮ್ಮ ಹಿಟ್ಟಿನ ಕೈಯಲ್ಲೇ ಎದ್ದು ಬಂದಳು.

"ಅವ ಮಾತು ಕೊಟ್ಟಿದ್ದನಲ್ರೀ! ನೀವ ಬ್ಯಾಡ ಅಂದ್ರಿ."

"ನಾನಾ? ಯಾವಾಗ?"

"ಭಂಡಾರ ಗಂಟು ಕಟ್ಟಿ ಕೊಟ್ಟಿದ್ದಿಲ್ಲೇನ್ರೀ ನಿಮ್ಮ ಕೈಯಾಗ? ಕುರಿ ಹೊಡ್ಕೊಂಡು ಹೋಗೋ ಮುಂದ ನಮ್ಮೊಳಗ ಬರ್ತೀನಿ ಅಂತ ಬಾಯಿಲೆ ಆಡಂಗಿಲ್ರೀ. ಬಾಯಿ ಮಾತು ಗಾಳಿಗೆ ಹೋಗ್ತದ. ಬೀರಪ್ಪನ ಭಂಡಾರ ಗಂಟು ಕಟ್ಟಿ ಕೊಡ್ತೀವಿ. ಕಟ್ಟಿದಾಂವ ತಿರುಗಿ ಬಂದು ತನ್ನ ಕೈಯಿಂದ ಬಿಚ್ಚಬೇಕು. ಜೀವ ಹೋದ್ರೂ ಬರಬೇಕ್ರೀ. ನನ್ನ ಲಗ್ನ ಗೊತ್ತಾದಾಗ ಇವ ಕೊಟ್ಟ ಗಂಟನ್ನ ನಮ್ಮಪ್ಪ ಎಂಟು ತಿಂಗಳು ಜಂತಿಗೆ ಕಟ್ಟಿ ಇಟ್ಟಿದ್ದ."

"ಇಸಕೊಂಡವರು ಬಿಚ್ಚಿದರೆ?" ಅಂದೆ.

"ನಿನ್ನ ಮಾತು ನನಗ ಬ್ಯಾಡ, ನೀ ಬರಬ್ಯಾಡ ಅಂದಂಗ್ರೀ. ನೀವು ಬಿಚ್ಚಿದ್ದೂ ಅಲ್ಲ, ಬ್ಲೇಡಿಲೆ ಕೊಯ್ದ್ರಂತ. ಅರಿವಿ ಮಡಚಿ ಹೊಳ್ಳಿ ಕೈಗೆ ಕೊಟ್ರಂತ. ಕುರುಬರ ಹುಡುಗಿ ಟೀಚರಮ್ಮಗ ಬ್ಯಾಡಾದ್ಳೇನೋ ಅಂತ ಮೂರು ದಿನ ಇವ ನೆಟ್ಟಗ ಉಣ್ಣಲಿಲ್ರೀ."

ಆ ದಂಡೆಯ ಮೇಲೆ ಹಾಗೇ ಕೂತುಬಿಟ್ಟೆ. ಹುಸೇನಮ್ಮ ಅಕ್ಕಿ ಬಿಟ್ಟು ನೋಡಿದ್ದು ಯಾಕೆಂದು ಈಗ ತಿಳಿಯಿತು. ಆ ಮುದುಕಿ ಒಂದು ಮಾತು ಹೇಳಬಾರದಿತ್ತೇ ಅಂತ ಅವಳ ಮೇಲೂ ಸಿಟ್ಟು ಬಂತು. ಕಿಷ್ಟಪ್ಪನ ಮೇಲೆ ಬಂತು: ಅದು ಪ್ರಸಾದವಲ್ಲ, ಬಿಚ್ಚಬೇಡಿ ಅನ್ನಲು ಏನಾಗಿತ್ತು ಅವನಿಗೆ? ಅವನ ಪ್ರಕಾರ ಅದು ಹೇಳುವ ಸಂಗತಿಯೇ ಅಲ್ಲ, ಎಲ್ಲರಿಗೂ ಗೊತ್ತಿರುವುದು. ನನ್ನ ಅಮ್ಮನೂ ಮಂತ್ರಾಕ್ಷತೆಯನ್ನು ತಲೆಗೆ ಹಾಕಿಕೊಳ್ಳಿ ಎಂದು ಯಾರಿಗೂ ವಿವರಿಸುತ್ತಿರಲಿಲ್ಲ. ಎಲ್ಲರ ಮೇಲೂ ಸಿಟ್ಟಾದ ಮೇಲೆ ಉಳಿದದ್ದು ನನ್ನ ಕೈ. ಊರೆಲ್ಲ ಬಾಯಲ್ಲಿ ಆಡಿದ್ದನ್ನು ಪೆನ್ನಿನಲ್ಲಿ ಬರೆದುಕೊಂಡು, ಕೈಗೆ ಬಂದ ಒಂದೇ ನಿಜವಾದ ಮಾತನ್ನು ಬ್ಲೇಡಿನಿಂದ ಕೊಯ್ದು ಕೊಟ್ಟವನ ಕೈಗೇ ಮರಳಿಸಿದ್ದೆ.

"ನನಗ ಗೊತ್ತಿರಲಿಲ್ಲಪಾ ಕಿಷ್ಟಪ್ಪ" ಅಂದೆ. "ರಾಯರ ಆಣೆ, ದೇವರ ಪ್ರಸಾದ ಅಂತ ತಿಳದಿದ್ದೆ. ನಾಳೆ ಒಂದಿನ ಅದ. ಈಗ ಹೋಗಿ ಹುಡುಗೀನ ಕರಕೊಂಡು ಬರೋಣ. ನಾನೂ ಬರ್ತೀನಿ."

ಅವನು ನನ್ನ ಮುಖ ನೋಡಿದ. ನಂಬಿದ ಅನ್ನುವುದು ಕಂಡಿತು. ಅಮರಮ್ಮನೂ ಸೆರಗಿನಿಂದ ಕಣ್ಣೊರೆಸಿಕೊಂಡಳು. ಒಂದು ಗಳಿಗೆ ಎಲ್ಲ ಸರಿಹೋಯಿತು ಅಂದುಕೊಂಡೆ.

"ಈಗ ಗಂಟು ಮೌನೇಶನ ಕೈಯಾಗ ಐತ್ರೀ, ಟೀಚರಮ್ಮ" ಅಂದ ಕಿಷ್ಟಪ್ಪ. "ವರ್ಸ ತುಂಬೋತನ ನಡುವ ಹುಡುಗೀನ ತೆಗಿಯಂಗಿಲ್ಲಂತ ಕಟ್ಟಿ ಕೊಟ್ಟೀನಿ."

"ಮೌನೇಶ ನಿಮ್ಮವನೇ ಅಲ್ಲೇನು? ಅವನ ಬಿಚ್ಚಲಿ. ಫೋನ್ ಮಾಡಿ ಹೇಳು."

"ಬಿಚ್ಚು ಅಂತ ನಾ ಹೇಳಾಕ ಬರಂಗಿಲ್ರೀ. ಕಟ್ಟಿದಾಂವನ ಹಂಗ ಕೇಳಿದ್ರ ಕೊಟ್ಟ ಮಾತು ಮುರದಂಗ."

"ನಾ ಹೇಳ್ತೀನಿ, ನಂಬರ್ ಕೊಡು!"

ಅವನು ಕೊಡಲಿಲ್ಲ. ಕೈಮುಗಿದ. ಬೇಡಿದೆ, ಗದರಿದೆ, ಹದಿನಾಲ್ಕು ಮಕ್ಕಳ ಹೆಸರು ಒಂದೊಂದಾಗಿ ಹೇಳಿದೆ. ಕಣ್ಣಲ್ಲಿ ನೀರು ತುಂಬಿಕೊಂಡು ನಿಂತ, ಆದರೆ ಅಲುಗಲಿಲ್ಲ. ಹನ್ನೊಂದು ವರ್ಷ ಬೋರ್ಡಿನ ಮೇಲೆ ಅರ್ಥ ಬರೆದವಳು ನಾನು. ಆ ಪದ ಕಾಲುವೆಯ ದಂಡೆಯಲ್ಲಿ ಕಂಬಳಿ ಹೊದ್ದು ನನ್ನೆದುರಿಗೇ ನಿಂತಿತ್ತು, ಮತ್ತು ಅದು ನನ್ನ ಪಾಲಿಗಿರಲಿಲ್ಲ.

ಮರುದಿನ ಚಂದ್ರಯ್ಯ ಸರ್ ಹದಿನಾಲ್ಕು ಎಂದು ಬರೆದು ಕಳಿಸುವುದು ಗೊತ್ತಿದ್ದದ್ದೇ. ನಾನು ಎದ್ದೆ. ಕಿಷ್ಟಪ್ಪ ನನ್ನ ಕಿತ್ತ ಚಪ್ಪಲಿ ತೆಗೆದುಕೊಂಡು ಉಣ್ಣೆಯ ಹುರಿಯಿಂದ ಕಟ್ಟಿ ಕೊಟ್ಟ. ರಸ್ತೆಯವರೆಗೆ ಜೊತೆಗೆ ನಡೆದು ಬಂದ. ಬಸ್ಸು ದೂರದಲ್ಲಿ ಕಾಣಿಸಿದಾಗ ಮೆಲ್ಲಗೆ ಕೇಳಿದ:

"ಮುಂದಿನ ವರ್ಸ ನಿಮ್ಮ ಕನ್ನಡ ಸಾಲಿ ಇರ್ತದೇನ್ರೀ?"

ಖಂಡಿತ ಅನ್ನುವುದು ನಾಲಿಗೆಯ ತುದಿಗೆ ಬಂತು. ಇಷ್ಟು ವರ್ಷದ ಅಭ್ಯಾಸ. ಅವನ ಸೊಂಟದ ಚೀಲ ಕಣ್ಣಿಗೆ ಬಿತ್ತು.

"ಇದ್ರ ಇರ್ತದ, ಕಿಷ್ಟಪ್ಪ" ಅಂದೆ.

ಅವನು ತಲೆಯಾಡಿಸಿದ. ಮೂರು ವರ್ಷದಲ್ಲಿ ನನ್ನ ಮಾತಿಗೆ ಅವನು ಹಾಗೆ ಹೌದೆಂದು ತಲೆಯಾಡಿಸಿದ್ದು ಅದೇ ಮೊದಲು.